ಮೊದಲ ಪಂಕ್ತಿಯಲ್ಲಿ ಕೂತ ಅಮ್ಮ

ಅಪ್ಪಾಜಿ,

ನಿಮ್ಮ ಮೊಮ್ಮಗಳು ಸಿಂಚನಾಳ ಮದುವೆ ಆಯಿತು. ಅದನ್ನು ತಿಳಿಸೋಣ ಎಂದು ಬರೆಯಲು ಕೂತೆ. ನೀವು ಏನು ಕೇಳುತ್ತೀರಿ ಎಂದು ನನಗೆ ಗೊತ್ತು. ಹುಡುಗ ಎಂಥವನು, ಒಡವೆ ಏನು ಹಾಕಿದಿರಿ, ಇವೆಲ್ಲ ನಿಮ್ಮ ಪ್ರಶ್ನೆಗಳಲ್ಲ. ಊಟ ಎಲ್ಲರಿಗೂ ಸಾಲಿತೇ, ಬೀಗರು ನಗುನಗುತ್ತಾ ಹೋದರೇ? ಸಾಲಿತು. ನಗುನಗುತ್ತಲೇ ಹೋದರು. ಆದರೆ ಊಟದ ಮನೆಯಲ್ಲಿ ಒಂದು ಸಂಗತಿ ನಡೆಯಿತು. ಅದನ್ನು ನಾನಲ್ಲದೆ ಬೇರೆ ಯಾರೂ ನಿಮಗೆ ಹೇಳುವುದಿಲ್ಲ. ನಿಮ್ಮ ಮನಸ್ಸಿಗೆ ಬೇಜಾರಾದೀತು ಎಂದು ಎಲ್ಲರೂ ಸುಮ್ಮನಿದ್ದುಬಿಡುತ್ತಾರೆ. ನಿಮ್ಮ ಹತ್ತಿರ ಕಲಿತವರು ತಾನೇ ಎಲ್ಲರೂ!

ಮೊದಲು ನೆನಪಾಗುವುದು ಶಿವರಾಂಪೇಟೆಯ ನಮ್ಮ ಸೀರೆ ಅಂಗಡಿ. ಶಾಲೆ ಬಿಟ್ಟ ಮೇಲೆ ನಾನು ನೇರವಾಗಿ ಅಲ್ಲಿಗೇ ಬರುತ್ತಿದ್ದೆ. ಬಿಳಿ ಹಾಸಿನ ಮೇಲೆ ಕಾಲು ಮಡಿಸಿ ಕೂತು ನೀವು ಒಂದಾದ ಮೇಲೊಂದು ಸೀರೆ ಬಿಚ್ಚಿ ಹರಡುತ್ತಿದ್ದಿರಿ. ಮಳೆಗೆ ನಿಲ್ಲಲು ಒಳಗೆ ಬಂದ ಹೆಂಗಸರಿಗೂ ಅಟ್ಟದ ಮೇಲಿನ ಗಂಟು ಇಳಿಸಿ ತೋರಿಸುತ್ತಿದ್ದಿರಿ. ಮಳೆ ನಿಂತಾಗ ಅವರು ‘ಆಮೇಲೆ ಬರ್ತೀವಿ’ ಎಂದು ಎದ್ದರೆ, ‘ಅಯ್ಯೋ, ಕಾಫಿ ಕುಡೀದೆ ಹೋಗ್ತೀರಾ?’ ಎಂದು ಪಕ್ಕದ ಹೋಟೆಲಿಗೆ ಕೂಗಿ ಹೇಳುತ್ತಿದ್ದಿರಿ. ಆ ಸೀರೆಗಳನ್ನೆಲ್ಲ ಮತ್ತೆ ಮಡಿಸುವ ಕೆಲಸ ನನ್ನದು. ‘ಅವರು ತಗೊಳ್ಳಲ್ಲ ಅಂತ ಗೊತ್ತಿತ್ತಲ್ಲ ಅಪ್ಪಾಜಿ?’ ಎಂದು ಸಿಡಿಮಿಡಿಗೊಂಡರೆ ನೀವು ನಕ್ಕು, ‘ಗೊತ್ತಿತ್ತು ಕಣಮ್ಮ. ಆದ್ರೆ ನಮಗೆ ಗೊತ್ತು ಅಂತ ಅವರಿಗೆ ಗೊತ್ತಾಗಬಾರದು’ ಎನ್ನುತ್ತಿದ್ದಿರಿ. ಆಗ ಅದು ನನಗೆ ಎಷ್ಟು ದೊಡ್ಡ ಮಾತಾಗಿ ಕಂಡಿತ್ತು ಎಂದರೆ, ಮಾರನೆಯ ದಿನ ಶಾಲೆಯಲ್ಲಿ ಗೆಳತಿಯರಿಗೆಲ್ಲ ಹೇಳಿದ್ದೆ.

ಆದರೂ ಊರಿನಲ್ಲಿ ನಿಮಗೆ ಹೆಸರಿದ್ದದ್ದು ಸೀರೆಯಿಂದಲ್ಲ, ಊಟದ ಉಪಚಾರದಿಂದ. ಲಗ್ನಪತ್ರಿಕೆ ಕೊಡಲು ಬಂದವರು ಅಕ್ಷತೆ ಇಟ್ಟು ಕೈ ಮುಗಿದು, ‘ನಂಜುಂಡಪ್ಪನೋರೇ, ಊಟದ ಮನೆ ನಿಮ್ದು’ ಎಂದೇ ಎದ್ದು ಹೋಗುತ್ತಿದ್ದರು. ನೀವು ಅಡುಗೆಯವರಲ್ಲ, ಬಡಿಸುವವರೂ ಅಲ್ಲ. ಹೆಗಲ ಮೇಲೆ ಶಲ್ಯ ಹಾಕಿಕೊಂಡು ಎಲೆಗಳ ಸಾಲಿನ ನಡುವೆ ಓಡಾಡುತ್ತಾ, ಒಬ್ಬೊಬ್ಬರನ್ನೂ ಮಾತನಾಡಿಸಿ, ಹೊಟ್ಟೆ ತುಂಬ ಉಣ್ಣಿಸಿ ಕಳಿಸುವವರು. ನನ್ನನ್ನು ಜೊತೆಗೆ ಕರೆದುಕೊಂಡು ಓಡಾಡುತ್ತಲೇ ಆ ವಿದ್ಯೆ ಹೇಳಿಕೊಟ್ಟಿದ್ದಿರಿ. ‘ಬೇಕಾ ಅಂತ ಯಾವತ್ತೂ ಕೇಳಬಾರದು ಕಣಮ್ಮ. ಮರ್ಯಾದಸ್ಥರು ಯಾರಾದ್ರೂ ಹೂಂ ಅಂತಾರಾ? ಬಾಯಿ ನೋಡಬೇಡ, ಕೈ ನೋಡು.’ ನಿಜವಾಗಿ ಹೊಟ್ಟೆ ತುಂಬಿದವರು ಎರಡೂ ಕೈ ಅಡ್ಡ ತಂದು ಎಲೆಯ ಮೇಲೆ ಬಾಗಿಬಿಡುತ್ತಾರೆ. ಸಂಕೋಚದವರದು ಒಂದೇ ಕೈ, ಅದೂ ಒಬ್ಬಟ್ಟು ಎಲೆಗೆ ಬಿದ್ದ ಮೇಲೆ ನಿಧಾನವಾಗಿ ಏಳುತ್ತದೆ. ನೀವು ಹೇಳಿದ ಮೇಲೆ ನೋಡಿದೆ. ಎಲ್ಲರೂ ಹಾಗೇ! ಆ ಸಾಲಿನಲ್ಲಿದ್ದವರೆಲ್ಲರ ಗುಟ್ಟು ನಮ್ಮಿಬ್ಬರಿಗೆ ಮಾತ್ರ ಗೊತ್ತು ಎಂದು ಅವತ್ತು ನಾನು ಉಬ್ಬಿಹೋಗಿದ್ದೆ.

ಆ ಮದುವೆಗಳಲ್ಲಿ ಅಮ್ಮ ಎಲ್ಲಿರುತ್ತಿದ್ದಳು ಎಂದು ಈಗ ನೆನಪು ಮಾಡಿಕೊಳ್ಳುತ್ತೇನೆ. ಊಟದ ಮನೆಯ ಬಾಗಿಲ ಪಕ್ಕದ ಕುರ್ಚಿಯಲ್ಲಿ. ಯಾರಾದರೂ ಕರೆದರೆ, ‘ನೀವು ಕೂತ್ಕೊಳ್ಳಿ, ನಮ್ಮನೆಯೋರ ಜೊತೆ ಕೂರ್ತೀನಿ’ ಎನ್ನುತ್ತಿದ್ದಳು. ಪಂಕ್ತಿಯ ಮೇಲೆ ಪಂಕ್ತಿ ಏಳುತ್ತಿತ್ತು. ಕೊನೆಗೆ ನೀವು ಬರುತ್ತೀರಿ ಎಂದು ಅವಳು ಕಾದಿದ್ದರೆ, ಅಡುಗೆಯವರು ತಾವೇ ತಾವಾಗಿ ಉಣ್ಣುವುದು ಚೆನ್ನಾಗಿರುವುದಿಲ್ಲ ಎಂದು ನೀವು ಒಳಗೆ ಅವರ ಜೊತೆ ಕೂತುಬಿಡುತ್ತಿದ್ದಿರಿ. ಅಮ್ಮ ಈಚೆ ಪಾತ್ರೆ ಎತ್ತಿಡುತ್ತಿದ್ದ ಹೆಂಗಸರ ಜೊತೆ ಎರಡು ತುತ್ತು ತಿಂದು ಏಳುತ್ತಿದ್ದಳು. ಅಷ್ಟು ಹೊತ್ತಿಗೆ ಚಿರೋಟಿಯ ಪುಡಿ ಮಾತ್ರ ಉಳಿದಿರುತ್ತಿತ್ತು. ನೀವು ಅದನ್ನು ನೋಡಲಿಲ್ಲವೋ, ಅಥವಾ ನೋಡಿಯೂ...

ಒಂದು ಭಾನುವಾರ ಕನ್ನಂಬಾಡಿಗೆ ಹೊರಟಿದ್ದೆವು, ನೆನಪಿದೆಯೇ? ಸಂಜೆ ಕಾರಂಜಿಗೆ ದೀಪ ಹಾಕುವುದನ್ನು ಅಮ್ಮ ನೋಡಿಯೇ ಇರಲಿಲ್ಲ, ಮೈಸೂರಿನಲ್ಲೇ ಸಂಸಾರ ಮಾಡುತ್ತಾ! ಅವಳು ಹಸಿರು ರೇಷ್ಮೆ ಸೀರೆ ಉಟ್ಟು, ಮಲ್ಲಿಗೆ ಮುಡಿದು, ಕುವೆಂಪುನಗರದ ಮನೆಗೆ ಬೀಗ ಹಾಕಲು ಕೈಯಲ್ಲಿ ಬೀಗ ಹಿಡಿದಿದ್ದಳು. ಗೇಟಿನ ಹತ್ತಿರ ನಿಮ್ಮ ದೂರದ ನೆಂಟರು ಗಂಡ ಹೆಂಡತಿ ಕಾಣಿಸಿಕೊಂಡರು. ‘ಎಲ್ಲೋ ಹೊರ್ಟಂಗಿತ್ತು?’ ಎಂದರು. ‘ಇಲ್ಲ ಇಲ್ಲ, ಬನ್ನಿ ಬನ್ನಿ. ಮನೇಲೇ ಇದ್ವಿ’ ಎಂದಿರಿ ನೀವು. ಬೀಗ ಅಮ್ಮನ ಕೈಯಲ್ಲೇ ಇತ್ತು! ರೇಷ್ಮೆ ಸೀರೆಯ ಸೆರಗು ಸಿಕ್ಕಿಸಿಕೊಂಡು ಅವಳು ಉಪ್ಪಿಟ್ಟಿಗೆ ರವೆ ಹುರಿಯುತ್ತಿದ್ದಾಗ ಆ ಹೆಂಗಸು ಒಳಗೆ ಬಂದು, ‘ಏನ್ ಗೌರಮ್ಮ, ಮನೇಲೂ ರೇಷ್ಮೆ ಸೀರೆನಾ?’ ಎಂದು ಕೇಳಿದರು. ‘ಸೀರೆ ಅಂಗಡಿಯೋರ ಹೆಂಡ್ತಿ ಅಲ್ವೇನ್ರೀ’ ಎಂದು ಅಮ್ಮ ನಕ್ಕಳು. ಅವರು ಹೊರಟು, ಗೇಟಿನಲ್ಲಿ ನಿಂತು ಒಳಗೆ ಆಡಿದ್ದಕ್ಕಿಂತ ಹೆಚ್ಚು ಮಾತಾಡಿ, ನೀವು ಅವರನ್ನು ಬಸ್ ಸ್ಟಾಪಿನವರೆಗೆ ಬಿಟ್ಟು ಬರುವಷ್ಟರಲ್ಲಿ ಕತ್ತಲಾಗಿತ್ತು. ಅಮ್ಮ ಸೀರೆ ಬದಲಾಯಿಸಿ ಮಡಿಸುತ್ತಿದ್ದಳು. ‘ಇನ್ನೊಂದು ಭಾನುವಾರ ಹೋಗೋಣ ಗೌರಾ’ ಎಂದಿರಿ. ‘ಪರವಾಗಿಲ್ಲ ಬಿಡಿ’ ಎಂದಳು. ಅವಳ ಪರವಾಗಿಲ್ಲ ಎನ್ನುವ ಮಾತನ್ನು ನೀವು ಪ್ರತಿ ಸಲವೂ ನಂಬಿದಿರಿ. ಯಾಕೆ ಅಪ್ಪಾಜಿ?

ಇನ್ನು ನನ್ನ ಮದುವೆಯ ದಿನ. ಧಾರೆ ಮುಗಿದು ಊಟಕ್ಕೆ ಎಲೆ ಹಾಕಿದ್ದರು. ಹೆಣ್ಣಿನ ಕಡೆಯವರು ಎಲ್ಲರದ್ದೂ ಆದ ಮೇಲೆ ಕೂರುವುದು ಪದ್ಧತಿ. ಆದರೆ ನನ್ನ ಮಾವ ಬಿಡಬೇಕಲ್ಲ. ‘ಬೀಗರೇ, ನೀವಿಬ್ರೂ ಕೂತ್ರೇನೇ ನಾನು ಎಲೆಗೆ ಕೈ ಹಾಕೋದು’ ಎಂದು ಹಟ ಹಿಡಿದರು. ಅವರ ಮಾತು ಮೀರಲಾಗದೆ ನೀವು ಮೊದಲ ಪಂಕ್ತಿಯಲ್ಲಿ ಕೂತಿರಿ. ಪಕ್ಕದಲ್ಲಿ ಅಮ್ಮ. ಎದುರು ಸಾಲಿನಲ್ಲಿ ಹೊಸ ಗಂಡನ ಪಕ್ಕ ಕೂತಿದ್ದ ನಾನು ತಲೆ ತಗ್ಗಿಸಿಕೊಂಡೇ ಕದ್ದು ನೋಡಿದೆ. ಅಮ್ಮನ ಮುಖ ಎಷ್ಟು ಗೆಲುವಾಗಿತ್ತು! ಅವಳು ನಿಮ್ಮ ಕಡೆ ಬಾಗಿ ಏನೋ ಹೇಳಿದಳು. ನೀವು ನಕ್ಕಿರಿ. ಎಲೆಗೆ ಉಪ್ಪು, ಕೋಸಂಬರಿ, ಪಲ್ಯ ಬಂದಿತ್ತು. ಅಷ್ಟರಲ್ಲಿ ಗಂಡಿನ ಕಡೆಯ ಹಿರಿಯರೊಬ್ಬರು ತಡವಾಗಿ ಒಳಗೆ ಬಂದು ಖಾಲಿ ಎಲೆ ಸಿಗದೆ ಬಾಗಿಲಲ್ಲಿ ನಿಂತರು. ನೀವು ಎದ್ದೇಬಿಟ್ಟಿರಿ. ‘ಬನ್ನಿ ಬನ್ನಿ, ನಿಮಗೇ ಅಂತ ಈ ಜಾಗ ಹಿಡ್ಕೊಂಡಿದ್ದೆ’ ಎಂದು ಆ ಹಿರಿಯರನ್ನು ಅಮ್ಮನ ಪಕ್ಕ ಕೂರಿಸಿ, ಹೆಗಲ ಮೇಲೆ ಶಲ್ಯ ಹಾಕಿಕೊಂಡು ಉಪಚಾರಕ್ಕೆ ಇಳಿದಿರಿ.

ಅಮ್ಮನಿಗೆ ಏಳಲೂ ಆಗಲಿಲ್ಲ. ಬೀಗರ ಎದುರು, ಬಡಿಸಿದ ಎಲೆ ಬಿಟ್ಟು ಯಾರು ಏಳುತ್ತಾರೆ? ಗುರುತಿಲ್ಲದ ಗಂಡಸಿನ ಪಕ್ಕ ಮೈ ಹಿಡಿ ಮಾಡಿಕೊಂಡು ಅನ್ನ ಕಲಸುತ್ತಾ ಕೂತಳು. ನೀವು ಸಾಲು ಹಿಡಿದು ಬಂದಿರಿ. ಒಬ್ಬಟ್ಟಿನವನು ನಿಮ್ಮ ಹಿಂದೆ. ಒಬ್ಬೊಬ್ಬರಿಗೂ ಹೇಳಿದಂತೆ ಅವಳಿಗೂ, ‘ಸಂಕೋಚ ಮಾಡ್ಕೋಬೇಡಿ ತಾಯಿ, ಹಾಕಿಸ್ಕೊಳ್ಳಿ’ ಎಂದಿರಿ. ನಿಮಗೆ ಆ ಕ್ಷಣ ಅವಳು ಯಾರು ಎಂಬುದೇ ಮರೆತಿತ್ತು. ಅಮ್ಮನ ಕೈ ಎದ್ದಿತು. ಒಂದೇ ಕೈ, ನಿಧಾನವಾಗಿ. ‘ಇವರಿಗೆ ಸಾಕಂತೆ, ಮುಂದೆ ನಡಿ’ ಎಂದು ನೀವು ಹೋಗೇಬಿಟ್ಟಿರಿ. ಊರಿನವರ ಕೈಯೆಲ್ಲ ಓದುತ್ತಿದ್ದ ನೀವು! ಎದುರಿಗಿದ್ದ ನನಗೆ ಆ ಕೈ ಕಂಡಿತ್ತು. ಆದರೆ ಮದುಮಗಳು ಕೂಗಿ ಹೇಳುವುದು ಹೇಗೆ? ಎಲ್ಲರೂ ನಿಮ್ಮನ್ನು ಹೊಗಳುತ್ತಿದ್ದರು, ಮಗಳ ಮದುವೆಯಲ್ಲೂ ಕೂರಲಿಲ್ಲ ನೋಡಿ ಪುಣ್ಯಾತ್ಮರು ಎಂದು.

ನಿಮ್ಮ ಕೊನೆಯ ದಿನಗಳಲ್ಲೂ ನೀವು ಬದಲಾಗಲಿಲ್ಲ. ಆಸ್ಪತ್ರೆಯಲ್ಲಿ ಸೂಜಿ ಚುಚ್ಚಲು ಬಂದ ನರ್ಸಮ್ಮನನ್ನು, ‘ತಿಂಡಿ ಆಯ್ತಾ ತಾಯಿ?’ ಎಂದು ಕೇಳಿದಿರಿ. ಆ ಹುಡುಗಿ ಆಚೆ ಹೋಗಿ ಕಣ್ಣೊರೆಸಿಕೊಂಡಿದ್ದನ್ನು ನಾನು ನೋಡಿದ್ದೇನೆ. ನಿಮ್ಮಂಥ ಮನುಷ್ಯ ಇನ್ನೊಬ್ಬ ಸಿಗುವುದಿಲ್ಲ. ಇದನ್ನು ನಾನು ಯಾವ ಜಗಳದ ನಡುವೆಯೂ ಒಪ್ಪುತ್ತೇನೆ. ನೀವು ಹೋದ ಮೇಲೆ, ಶಿವಗಣಾರಾಧನೆಯ ದಿನ ಬಂದವರೆಲ್ಲ ಎಲೆಯ ಮುಂದೆ ಕೂತು, ನೀವು ತಮಗೆ ಹೇಗೆ ಒಬ್ಬಟ್ಟು ಹಾಕಿಸಿದಿರಿ, ಹೇಗೆ ಹೆಸರು ನೆನಪಿಟ್ಟು ಮಾತನಾಡಿಸಿದಿರಿ ಎಂದು ಹೇಳಿದ್ದೇ ಹೇಳಿದ್ದು. ಅಮ್ಮ ಎಲ್ಲವನ್ನೂ ತಲೆದೂಗಿ ಕೇಳಿದಳು.

ಅವರೆಲ್ಲ ಹೋದ ಮೇಲೆ ಹಜಾರದಲ್ಲಿ ಚಾಪೆ ಸುತ್ತುತ್ತಾ ಅಮ್ಮ ಇದ್ದಕ್ಕಿದ್ದಂತೆ ಹೇಳಿದಳು. ‘ನಿಮ್ಮಪ್ಪನ ಪಕ್ಕ ಕೂತು ಒಂದ್ ಮದ್ವೆ ಊಟ ಪೂರ್ತಿ ಮಾಡ್ಬೇಕು ಅಂತ ಇತ್ತು ಕಣೆ. ನಮ್ಮ ಮದ್ವೇಲಿ ಕೂರಿಸಿದ್ರು. ಆಗ ನಾಚ್ಕೆ, ತಲೇನೇ ಎತ್ಲಿಲ್ಲ. ಅವರ ಪಂಚೆ ಅಂಚು ಬಿಟ್ರೆ ಏನೂ ನೆನಪಿಲ್ಲ. ಆಮೇಲೆ ಎಲ್ಲಿ ಕೂತ್ರು ಅವ್ರು...’ ಅವಳು ಒಡವೆ ಕೇಳಿದವಳಲ್ಲ, ಊರೂರು ಸುತ್ತಬೇಕು ಎಂದವಳಲ್ಲ. ಕೇಳದೆ ಇಟ್ಟುಕೊಂಡಿದ್ದ ಆಸೆ ಇಷ್ಟೇ ಇಷ್ಟು. ‘ಅವರಿಗೆ ಹೇಳಬಾರದಿತ್ತಾ ಅಮ್ಮ?’ ಎಂದೆ. ‘ಅಷ್ಟು ಜನ ಕಾಯ್ತಿರ್ತಾರೆ, ನಾನು ಶಲ್ಯ ಹಿಡಿದು ಎಳೆಯೋಕಾಗುತ್ತಾ?’ ಎಂದು ಚಾಪೆಯನ್ನು ಮೂಲೆಗೆ ಒರಗಿಸಿದಳು.

ಅವತ್ತಿನಿಂದ ನನಗೆ ನಿಮ್ಮ ಮೇಲೆ ಒಂಥರಾ ಉರಿ. ನನ್ನ ಮೇಲೂ, ಯಾಕೆಂದರೆ ನಿಮ್ಮ ಗುಣ ನನಗೆ ಧಾರಾಳವಾಗಿ ಬಂದಿದೆ. ಮೊನ್ನೆ ಮೊನ್ನೆ ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ, ದವಡೆ ಮರಗಟ್ಟುವ ಮೊದಲೇ ಅವರು ಇಕ್ಕಳ ಹಾಕಿದಾಗ, ‘ನೋವಾಗ್ತಿದೆಯಾ ಮೇಡಂ?’ ಎಂದರು. ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಆದರೂ ಕೈ ಆಡಿಸಿ ಪರವಾಗಿಲ್ಲ ಎಂದು ತೋರಿಸಿದೆ! ಅಮ್ಮ ಈಗ ಜಯಲಕ್ಷ್ಮಿಪುರಂನಲ್ಲಿ ನಮ್ಮ ಜೊತೆಗೇ ಇದ್ದಾಳಲ್ಲ, ಈ ಕಥೆ ಕೇಳಿ ಬಿದ್ದು ಬಿದ್ದು ನಕ್ಕಳು. ‘ಥೇಟು ನಿಮ್ಮಪ್ಪ ಕಣೆ ನೀನು’ ಎಂದಳು. ನನಗೆ ನಗು ಬರಲಿಲ್ಲ.

ಸಿಂಚನಾಳ ಮದುವೆ ಗೊತ್ತಾದಾಗ ನಾನು ಒಂದೇ ಹಟ ಹಿಡಿದೆ. ತಟ್ಟೆ ಹಿಡಿದು ಸಾಲು ನಿಲ್ಲುವ ಬಫೆ ಬೇಡ, ಎಲೆ ಊಟ. ಮೊದಲ ಪಂಕ್ತಿಯಲ್ಲಿ ಅಮ್ಮ ಕೂರಬೇಕು, ಅವಳ ಪಕ್ಕದಲ್ಲಿ ನಾನು. ನಿಮ್ಮ ಅಳಿಯಂದಿರು ಗಾಬರಿಯಾದರು. ‘ನೀನು ಹುಡುಗಿ ತಾಯಿ. ಬೀಗರು ನಿಂತಿರೋವಾಗ ನೀನು ಎಲೆ ಮುಂದೆ ಕೂತ್ರೆ ಏನಂದ್ಕೋತಾರೆ? ನಾಳೆ ನಮ್ಮ ಮಗಳೇ ಅಲ್ವಾ ಆ ಮನೇಲಿ ಬಾಳೋದು?’ ಎಂದರು. ಮಗಳ ಹೆಸರು ಎತ್ತಿದ ಕೂಡಲೇ ನನ್ನ ಧೈರ್ಯ ಅರ್ಧ ಇಳಿಯಿತು, ಸುಳ್ಳು ಹೇಳುವುದಿಲ್ಲ. ಒಂದು ಊಟದ ಎಲೆಗಾಗಿ ಮಗಳು ಜೀವಮಾನವಿಡೀ ಮಾತು ಕೇಳಬೇಕಾದರೆ? ಆದರೂ ಅಮ್ಮನ ವಯಸ್ಸು ನೋಡಿದರೆ ಅವಳಿಗೆ ಇನ್ನೊಂದು ಮದುವೆ ಮನೆ ಸಿಗುತ್ತದೋ ಇಲ್ಲವೋ. ‘ಏನಾದ್ರೂ ಅಂದ್ಕೊಳ್ಳಲಿ’ ಎಂದುಬಿಟ್ಟೆ.

ಮದುವೆ ಹಿನಕಲ್ ಕಡೆಯ ಒಂದು ಛತ್ರದಲ್ಲಿ. ಎಲೆ ಹಾಕಿದ ಕೂಡಲೇ ಅಮ್ಮನ ಕೈ ಹಿಡಿದು ಕರೆದುಕೊಂಡು ಹೋಗಿ ಕೂರಿಸಿ, ಪಕ್ಕದಲ್ಲಿ ನಾನೂ ಕೂತೆ. ಅಕ್ಕಪಕ್ಕದವರು ನೋಡಿದರು. ನಾನು ಎಲೆಗೆ ನೀರು ಚಿಮುಕಿಸುವುದರಲ್ಲಿ ಮುಳುಗಿದವಳಂತೆ ನಟಿಸಿದೆ. ಸಾಲು ತುಂಬಿತು. ಪಲ್ಯ ಬಂತು. ಆಗ ಬಾಗಿಲಿನಿಂದ ಒಳಗೆ ಬಂದವರು ಯಾರು ಗೊತ್ತೇ? ಹುಡುಗನ ಸೋದರಮಾವ! ಮೈಸೂರು ಪೇಟ ಇನ್ನೂ ತಲೆಯ ಮೇಲೇ ಇತ್ತು. ಕೂರಲು ಒಂದು ಎಲೆಯೂ ಇಲ್ಲ. ದೂರದಲ್ಲಿ ನಿಂತಿದ್ದ ನಿಮ್ಮ ಅಳಿಯಂದಿರು ನನ್ನತ್ತ ನೋಡಿ ಕಣ್ಣಲ್ಲೇ ‘ಏಳು’ ಎಂದರು.

ನಾನು ಏಳುವವಳಿದ್ದೆ, ಅಪ್ಪಾಜಿ. ಹಟ, ಉರಿ, ಮಾತು ಎಲ್ಲ ಆ ಪೇಟ ಕಂಡ ಕೂಡಲೇ ಎಲ್ಲಿ ಹೋಯಿತೋ. ಮೊಣಕಾಲು ತಾನಾಗಿ ಎದ್ದಿತು, ಬಾಯಲ್ಲಿ ‘ಬನ್ನಿ ಬನ್ನಿ’ ಬಂದೇಬಿಟ್ಟಿತ್ತು. ಅಮ್ಮ ಎಡಗೈಯಿಂದ ನನ್ನ ಮಣಿಕಟ್ಟು ಹಿಡಿದಳು. ಎಂಥ ಹಿಡಿತ! ‘ಕೂತ್ಕೊಳ್ಳೆ’ ಎಂದಳು. ಆಮೇಲೆ ತಲೆ ಎತ್ತಿ, ಇಡೀ ಸಾಲಿಗೆ ಕೇಳಿಸುವ ಹಾಗೆ, ‘ಸ್ವಾಮೀ, ಈ ಪಂಕ್ತಿ ತುಂಬೋಯ್ತು. ಬೇಜಾರ್ ಮಾಡ್ಕೋಬೇಡಿ, ಮುಂದಿನ ಪಂಕ್ತೀಲಿ ಕೂತ್ಕೊಳ್ಳಿ. ನನ್ನ ಮಗಳು ನನ್ನ ಜೊತೆ ಉಣ್ತಾವ್ಳೆ’ ಎಂದಳು.

ಬಡಿಸುತ್ತಿದ್ದವನು ಸೌಟು ಹಿಡಿದು ನಿಂತುಬಿಟ್ಟ. ನನಗೆ ಮಗಳ ಮುಖವೇ ಕಣ್ಣ ಮುಂದೆ. ಆ ಮನುಷ್ಯ ಪೇಟ ತೆಗೆದು ಕಂಕುಳಲ್ಲಿ ಇಟ್ಟುಕೊಂಡು, ‘ಅಯ್ಯೋ, ಆಗ್ಲಿ ಕಣಮ್ಮ, ನಿಧಾನಕ್ಕೆ ಉಣ್ಣಿ. ನಂಗೂ ಈಗ್ತಾನೆ ಬಾದಾಮಿ ಹಾಲು ಕೊಟ್ರು, ಹೊಟ್ಟೇಲಿ ಜಾಗ ಇಲ್ಲ’ ಎಂದು ಕಿಟಕಿಯ ಹತ್ತಿರ ಕುರ್ಚಿ ಎಳೆದುಕೊಂಡು ಕೂತು ಫೋನು ನೋಡತೊಡಗಿದರು. ಅಷ್ಟೇ. ಮುಂದಿನ ಪಂಕ್ತಿಯಲ್ಲಿ ಉಂಡರು. ಹೋಗುವಾಗ ಅಮ್ಮನನ್ನು ಹುಡುಕಿಕೊಂಡು ಬಂದು ಕಾಲಿಗೆ ನಮಸ್ಕಾರ ಮಾಡಿ ತಾಂಬೂಲ ತೆಗೆದುಕೊಂಡು ಹೋದರು. ನಮ್ಮ ಮಗಳಿಗೆ ಇವತ್ತಿನವರೆಗೂ ಯಾರೂ ಒಂದು ಮಾತು ಅಂದಿಲ್ಲ. ನನ್ನ ಮದುವೆಯ ದಿನ ಬಾಗಿಲಲ್ಲಿ ನಿಂತಿದ್ದ ಆ ಹಿರಿಯರೂ ಕಾಯುತ್ತಿದ್ದರೇನೋ. ನೀವು ಯಾರನ್ನೂ ಕೇಳಲೇ ಇಲ್ಲವಲ್ಲ.

ಅಮ್ಮನ ಊಟ ನೀವು ನೋಡಬೇಕಿತ್ತು. ತುಪ್ಪ ಕಮ್ಮಿಯಾಯಿತು ಎಂದು ಕರೆದು ಹಾಕಿಸಿಕೊಂಡಳು. ಹುಳಿಗೆ ಉಪ್ಪು ಸಾಲದು ಎಂದಳು. ಹಪ್ಪಳ ಮುರಿದು ನನ್ನ ಎಲೆಗೆ ಅರ್ಧ ಹಾಕಿದಳು. ಅವಳು ಅಷ್ಟು ನಿಧಾನವಾಗಿ ಉಣ್ಣುತ್ತಾಳೆ ಎಂದು ನನಗೇ ಗೊತ್ತಿರಲಿಲ್ಲ. ಇಷ್ಟು ವರ್ಷ ನಾನು ಕಂಡಿದ್ದು ಅವಳು ಅವಸರದಲ್ಲಿ ನುಂಗುವುದನ್ನು ಮಾತ್ರ. ಉಳಿದವರು ಎದ್ದು ಕೈ ತೊಳೆದರೂ ನಾವಿಬ್ಬರೂ ಕೂತೇ ಇದ್ದೆವು.

ವಾಪಸು ಬರುವಾಗ ಕಾರಿನಲ್ಲಿ, ‘ಅಷ್ಟು ಧೈರ್ಯ ಎಲ್ಲಿಂದ ಬಂತಮ್ಮ?’ ಎಂದು ಕೇಳಿದೆ. ಅವಳು ಕಿಟಕಿಯ ಆಚೆ ನೋಡುತ್ತಾ, ‘ನಿನ್ನ ಮದ್ವೇಲೇ ಬಂದಿದ್ರೆ ಚೆನ್ನಾಗಿತ್ತು. ಅವರು ಏಳೋವಾಗ ಪಂಚೆ ಹಿಡ್ಕೊಂಡು ಕೂರಿಸ್ಬುಟ್ಟಿದ್ರೆ ಕೂರೋರು. ಬೀಗರ ಮುಂದೆ ಚೆನ್ನಾಗಿರಲ್ಲ ಅಂತ ನಾನೂ ಸುಮ್ನಾದೆ. ಅವರೊಬ್ರದೇ ತಪ್ಪಲ್ಲ ಕಣೆ’ ಎಂದಳು.

ಈಗ ಈ ಕಾಗದ ಬರೆಯುತ್ತಿರುವಾಗ ಅಮ್ಮ ಇಲ್ಲೇ ಎದುರಿಗೆ ಅವರೆಕಾಯಿ ಬಿಡಿಸುತ್ತಾ ಕೂತಿದ್ದಾಳೆ. ಯಾರಿಗೆ ಎಂದು ಕೇಳಿದಳು. ನಿಮಗೆ ಎಂದೆ. ಹುಚ್ಚು ಎಂದು ಬೈಯುತ್ತಾಳೆ ಎಂದುಕೊಂಡಿದ್ದೆ, ಬೈಯಲಿಲ್ಲ. ‘ನಿನ್ನ ಕಡೆಯಿಂದ ಏನಂತ ಬರೀಲಿ? ಚೆನ್ನಾಗಿದಾಳೆ, ಏನೂ ಯೋಚ್ನೆ ಬೇಡ ಅಂತ ಬರೀಲಾ?’ ಎಂದೆ. ಅವಳ ಕೈ ನಿಂತಿತು. ‘ಕೋಪ ಇದೆ ಅಂತ ಬರಿ’ ಎಂದಳು.

ತಮಾಷೆ ಎಂದುಕೊಂಡು ತಲೆ ಎತ್ತಿದೆ. ಕಣ್ಣು ತುಂಬಿತ್ತು, ದನಿ ಮಾತ್ರ ಗಟ್ಟಿಯಾಗಿತ್ತು. ‘ನನ್ನ ಪಕ್ಕದಿಂದ ಎದ್ದು ಹೋಗಿ ಇನ್ಯಾರನ್ನೋ ಕೂರಿಸಿದ್ರಲ್ಲ, ಅವತ್ತಿನ ಕೋಪ ಇನ್ನೂ ಇಳಿದಿಲ್ಲ ಅಂತ ಬರಿ. ಅವರಿಗೆ ಗೊತ್ತಾಗ್ಲಿ. ಮೇಲೆ ಬೆಣ್ಣೆ ಸವರಬೇಡ, ನೀನು ಅವರ ಮಗಳು, ನಂಗೊತ್ತು.’

ಸವರುತ್ತಿಲ್ಲ, ಅಪ್ಪಾಜಿ. ಅವಳು ಹೇಳಿದ್ದನ್ನು ಇದ್ದ ಹಾಗೇ ಬರೆದಿದ್ದೇನೆ. ಅಮ್ಮನಿಗೆ ನಿಮ್ಮ ಮೇಲೆ ತುಂಬಾ ಕೋಪವಿದೆ.

ನಿಮ್ಮ ಮಗಳು,
ಮಂಗಳಾ